ಬಾಣಸಿಗ ಅಲೆಕ್ಸಿ ಸ್ವಾಯೆ: ಒಲೆ, ಉರುವಲು, ಉಣಿಸುವ ವ್ಯವಸ್ಥೆ

ಫ್ರಾನ್ಸಿನಲ್ಲಿ ಹುಟ್ಟಿ ಇಂಗ್ಲೆಂಡಿನಲ್ಲಿ ಕೀರ್ತಿವಂತನಾದ ಬಾಣಸಿಗ ಅಲೆಕ್ಸಿ ಬೆನ್ವಾ ಸ್ವಾಯೆಯ ಚರಿತ್ರೆಯನ್ನು ಬರೆಯಹೊರಟವನಿಗೆ ಸಾಮಗ್ರಿಯ ಅಭಾವವಿಲ್ಲ. ಆ ಸಾಮಗ್ರಿಯ ಸ್ವಭಾವವೇ ತೊಡಕನ್ನು ತಂದೊಡ್ಡುತ್ತದೆ. 1857ರಲ್ಲಿ ಆತನು ತನ್ನ ಕ್ರೈಮಿಯಾ ಯಾತ್ರೆಯ ವೃತ್ತಾಂತವನ್ನು ತಾನೇ ಬರೆದು ಪ್ರಕಟಿಸಿದನು. ಆತನು ತೀರಿಕೊಂಡ ಮರುವರ್ಷ, 1859ರಲ್ಲಿ, ಆತನ ಕಾರ್ಯದರ್ಶಿಗಳಾಗಿದ್ದ ವೊಲಾನ್ ಮತ್ತು ವಾರನ್ ಎಂಬವರು ಒಂದು ಸ್ಮೃತಿಗ್ರಂಥವನ್ನು ಹೊರತಂದರು. ಎರಡೂ ಸ್ತುತಿಪರವಾದವು, ಎರಡರಲ್ಲಿಯೂ ಕಟ್ಟುಕಥೆಯೂ ವಾಸ್ತವವೂ ಒಂದೇ ಎಲೆಯಲ್ಲಿ ಬಡಿಸಲ್ಪಟ್ಟಿವೆ. ಇತ್ತ ಪಂಚ್ ಎಂಬ ವಿನೋದಪತ್ರಿಕೆಯವರು ಆತನನ್ನು ಮನಬಂದಂತೆ ಅಣಕಿಸಿದರು. ಕಾದಂಬರಿಕಾರ ಥ್ಯಾಕರೆಯು ‘ಪೆಂಡೆನಿಸ್’ನಲ್ಲಿ ಮಿರೊಬೊಲಾನ್ ಎಂಬ ಜಂಬಗಾರ ಅಡುಗೆಯವನನ್ನು ಆತನನ್ನೇ ಕಣ್ಣಮುಂದಿಟ್ಟುಕೊಂಡು ಚಿತ್ರಿಸಿದನು. ಆತನ ವೇಷವೂ ಇದಕ್ಕೆ ಎಡೆಗೊಟ್ಟಿತೆನ್ನಬೇಕು: ನೇರವಾದ ರೇಖೆಯನ್ನು ಕಂಡರಾಗದವನಂತೆ ಆತನು ಅಂಗಿಯ ಬಟ್ಟೆಯನ್ನು ಓರೆಯಾಗಿ ಕತ್ತರಿಸಿ ಹೊಲಿಸುತ್ತಿದ್ದನು, ಟೋಪಿಯನ್ನು ಓರೆಯಾಗಿ ಧರಿಸುತ್ತಿದ್ದನು, ಆತನ ಭೇಟಿಚೀಟಿಯ ಆಕಾರವೂ ವಜ್ರಾಕೃತಿಯ ಓರೆಯೇ. ಈ ಓರೆವೇಷದ ಮರೆಯಲ್ಲಿ ಆತನ ಬುದ್ಧಿಯ ನೇರವಾದ ನಡೆಯು ಕಾಣದೆ ಹೋಯಿತೆಂಬುದು ನನ್ನ ಮತ. ಸ್ವಲ್ಪ ಉರುವಲಿನಿಂದ, ಸ್ವಲ್ಪ ಕಾಲದಲ್ಲಿ, ಗಲಿಬಿಲಿಯಿಲ್ಲದೆ, ಬಹುಜನರಿಗೆ ಉಣಿಸುವುದು ಹೇಗೆಂಬ ಒಂದೇ ಪ್ರಶ್ನೆಯನ್ನು ಆತನು ಶ್ರೀಮಂತರ ಸಂಘದಲ್ಲಿಯೂ, ಕ್ಷಾಮಪೀಡಿತ ನಗರದಲ್ಲಿಯೂ, ದಂಡಿನ ಪಾಳೆಯದಲ್ಲಿಯೂ ಬಿಡಿಸುತ್ತ ಹೋದನು.

ಬಾಲ್ಯದ ವಿಷಯವನ್ನು ಬೇಗನೆ ಮುಗಿಸಬಹುದು. ಗಿಣ್ಣಿಗೆ ಹೆಸರಾದ ಬ್ರೀ ಸೀಮೆಯ ಮೋ ಎಂಬ ಪಟ್ಟಣದಲ್ಲಿ 1810ರ ಫೆಬ್ರವರಿ 4ರಂದು ಆತನ ಜನನ. ಪಾದ್ರಿಯಾಗಲೆಂದು ಮನೆಯವರು ಬಯಸಿದ್ದ ಹುಡುಗನು ನಡುರಾತ್ರಿಯಲ್ಲಿ ಇಗರ್ಜಿಯ ಗಂಟೆಗಳನ್ನು ಬಾರಿಸಿ ಊರನ್ನೆಬ್ಬಿಸಿ ಹೊರದೂಡಲ್ಪಟ್ಟನೆಂಬ ಕಥೆಯನ್ನು ನಂಬಲೇಬೇಕೆಂಬ ನಿರ್ಬಂಧವೇನಿಲ್ಲ. 1821ರಲ್ಲಿ ಪ್ಯಾರಿಸಿನಲ್ಲಿ ಅಡುಗೆಯ ವೃತ್ತಿಯಲ್ಲಿದ್ದ ಅಣ್ಣ ಫಿಲಿಪ್ಪನ ಬಳಿಗೆ ಹೋಗಿ ಕೆಲಸ ಕಲಿತನು. ಹದಿಹರೆಯ ಮುಗಿಯುವ ಮೊದಲೇ ಬುಲ್ವಾರ್ ದೆಜ಼್ ಇತಾಲಿಯೆನ್ ಬೀದಿಯ ಭೋಜನಶಾಲೆಯೊಂದರಲ್ಲಿ ಹನ್ನೆರಡು ಮಂದಿಯ ಮೇಲೆ ಮುಖ್ಯ ಬಾಣಸಿಗನಾದನು. 1830ರಲ್ಲಿ ಮಂತ್ರಿ ಪೊಲಿನ್ಯಾಕನ ಅಡುಗೆಮನೆಯಲ್ಲಿದ್ದಾಗ ಜುಲೈ ಕ್ರಾಂತಿಯು ಬಾಗಿಲಿಗೇ ಬಂದಿತು. ಕ್ರಾಂತಿಗೀತೆಯನ್ನು ಗಟ್ಟಿಯಾಗಿ ಹಾಡಿ ಪ್ರಾಣವುಳಿಸಿಕೊಂಡನೆಂದು ಪ್ರತೀತಿ; ಕಂಠವು ಚೆನ್ನಾಗಿತ್ತೆಂದು ಬಲ್ಲವರು ಹೇಳಿರುವುದರಿಂದ ಇದು ಗಂಟೆಯ ಕಥೆಗಿಂತ ಸಂಭಾವ್ಯ. 1831ರಲ್ಲಿ ಇಂಗ್ಲೆಂಡಿಗೆ ಬಂದು, ಕೇಂಬ್ರಿಜ್ ಡ್ಯೂಕನ ಮನೆಯಲ್ಲಿದ್ದ ಅಣ್ಣನನ್ನೇ ಮತ್ತೆ ಸೇರಿ, ಆಮೇಲೆ ಹಲವು ಸಿರಿವಂತರ ಮನೆಗಳಲ್ಲಿ ದುಡಿದನು.

ಆತನ ಪ್ರತಿಭೆಗೆ ತಕ್ಕ ಕ್ಷೇತ್ರವೊದಗಿದುದು 1837ರಲ್ಲಿ, ಉದಾರಪಂಥದ ರಾಜಕಾರಣಿಗಳು ಕಟ್ಟಿಕೊಂಡ ರಿಫಾರ್ಮ್ ಕ್ಲಬ್ಬಿನಲ್ಲಿ. ಮರುವರ್ಷ ವಿಕ್ಟೋರಿಯಾ ರಾಣಿಯ ಪಟ್ಟಾಭಿಷೇಕದ ದಿನ ಎರಡು ಸಾವಿರ ಮಂದಿಗೆ ಬೆಳಗಿನ ಭೋಜನವನ್ನು ಸಿದ್ಧಪಡಿಸಿದನೆಂದು ಹೇಳುತ್ತಾರೆ. ವಾಸ್ತುಶಿಲ್ಪಿ ಚಾರ್ಲ್ಸ್ ಬ್ಯಾರಿಯು ಪಾಲ್ ಮಾಲಿನಲ್ಲಿ ಕಟ್ಟಿ 1841ರಲ್ಲಿ ತೆರೆದ ಹೊಸ ಮಂದಿರದಲ್ಲಿ ಅಡುಗೆಮನೆಯ ವಿನ್ಯಾಸದ ಹಿಂದಿದ್ದ ತಲೆ ಸ್ವಾಯೆಯದು. ಅದನ್ನು ಕೊಂಚ ವಿವರವಾಗಿ ನೋಡುವುದು ಲೇಸು. ನಡುವೆ ಎಲ್ಮ್ ಮರದ, ಹನ್ನೆರಡು ಅಸಮಮುಖಗಳ ದೊಡ್ಡ ಮೇಜು; ಒಬ್ಬನ ಮೊಳಕೈ ಇನ್ನೊಬ್ಬನಿಗೆ ತಾಗದಂತೆ ಅನೇಕರು ಸುತ್ತಲೂ ನಿಂತು ಕೆಲಸಮಾಡಲು ಆ ವಿಚಿತ್ರಾಕೃತಿ. ಚಾವಣಿಯನ್ನು ಹೊತ್ತ ಕಂಬಗಳು ಆ ಮೇಜನ್ನೇ ತೂರಿ ನಿಂತಿದ್ದುವು; ಕೈಚಾಚಿದರೆ ಸಿಕ್ಕುವಂತೆ ಮಸಾಲೆಯ ಡಬ್ಬಗಳು ಆ ಕಂಬಗಳನ್ನೇ ಸುತ್ತುವರಿದಿದ್ದುವು. ಮೀನಿಗೆ ತಣ್ಣೀರು ಹರಿಯುವ ಅಮೃತಶಿಲೆಯ ಹಾಸು; ಮಾಂಸವನ್ನು ಸುಡುವ ಕಂಬಿಗಳನ್ನು ತಿರುಗಿಸುವುದಕ್ಕೂ ತಟ್ಟೆಗಳನ್ನು ಮೇಲಂತಸ್ತಿಗೆ ಎತ್ತುವುದಕ್ಕೂ ಉಗಿಯಂತ್ರ. ಎಲ್ಲಕ್ಕಿಂತ ಹೆಚ್ಚಾಗಿ, ಬೇಕೆಂದಾಗ ಹೊತ್ತಿಸಿ, ಬೇಕಾದಷ್ಟೇ ಉರಿಸಿ, ಬೇಡವಾದೊಡನೆ ಆರಿಸಬಹುದಾದ ಅನಿಲದ ಒಲೆಗಳನ್ನು ಆತನು ಧೈರ್ಯದಿಂದ ಬಳಕೆಗೆ ತಂದನು. ಹಗಲಿಡೀ ಕಲ್ಲಿದ್ದಲು ಉರಿಸಿ ಅಡುಗೆಯವರನ್ನು ಬೇಯಿಸುವ ಪದ್ಧತಿಗೆ ಅಭ್ಯಾಸವಾದ ಕಾಲದಲ್ಲಿ ಇದು ಸಾಮಾನ್ಯ ಸಂಗತಿಯಲ್ಲ. ಆ ಅಡುಗೆಮನೆಯನ್ನು ನೋಡಲು ಗಣ್ಯರು ಗುಂಪುಗುಂಪಾಗಿ ಬರುತ್ತಿದ್ದರು. ಅದರ ಚಿತ್ರವೇ ಅಚ್ಚಾಗಿ ಮಾರಾಟವಾಯಿತು.

ಇದೇ ಕಾಲದಲ್ಲಿ ಆತನ ಸಂಸಾರದಲ್ಲಿ ವಿಪತ್ತು ಸಂಭವಿಸಿತು. 1837ರಲ್ಲಿ ಆತನು ಕೈಹಿಡಿದ ಎಮ್ಮಾ ಜೋನ್ಸ್ ಸ್ವತಃ ಖ್ಯಾತಿವೆತ್ತ ಚಿತ್ರಕಲಾವಿದೆ. 1842ರ ಆಗಸ್ಟಿನಲ್ಲಿ ಪತಿಯು ಬ್ರಸೆಲ್ಸಿನಲ್ಲಿದ್ದಾಗ ಗರ್ಭಿಣಿಯಾಗಿದ್ದ ಆಕೆಯು ಅಕಾಲಪ್ರಸವದಿಂದ ಮೃತಳಾದಳು. ಕೆನ್ಸಲ್ ಗ್ರೀನ್ ಶ್ಮಶಾನದಲ್ಲಿ ಆಕೆಗಾಗಿ ಆತನು ಎತ್ತಿಸಿದ ಸ್ಮಾರಕವು ಆತನ ಭೋಜನಗಳಂತೆಯೇ ಆಡಂಬರದ್ದು. ಆದರೆ ಆ ದುಃಖದ ಸತ್ಯವನ್ನು ಶಂಕಿಸಲು ಆಧಾರವಿಲ್ಲ. 1846ರಲ್ಲಿ ಈಜಿಪ್ಟಿನ ಇಬ್ರಾಹಿಂ ಪಾಷಾನಿಗೆ ನೂರೈವತ್ತು ಮಂದಿಯ ಔತಣವನ್ನು ಬಡಿಸಿದಾಗ ಪಿರಮಿಡ್ಡಿನಾಕಾರದ ಸಿಹಿಭಕ್ಷ್ಯವನ್ನು ಮಂಡಿಸಿದುದೂ, ಅದೇ ವರ್ಷ ಸುಮಾರು ಎರಡು ಸಾವಿರ ಪಾಕವಿಧಾನಗಳ ಬೃಹದ್ಗ್ರಂಥವನ್ನು ಹೊರತಂದುದೂ ಆತನ ವೈಭವದ ಶಿಖರ. ರಿಫಾರ್ಮ್ ಕ್ಲಬ್ಬಿನಲ್ಲಿದ್ದಾಗ ಆತನು ರೂಪಿಸಿದ ಕುರಿಮರಿಯ ಕಟ್ಲೆಟ್ಟು ಇಂದಿಗೂ ಆ ಕ್ಲಬ್ಬಿನ ಹೆಸರಿನಲ್ಲಿಯೇ ನಡೆದುಬರುತ್ತಿದೆ.

1847ರಲ್ಲಿ ಬಹುಜನರಿಗೆ ಉಣಿಸುವ ಆ ಪ್ರಶ್ನೆಯು ಬೇರೊಂದು ಮುಖವನ್ನು ತೋರಿತು. ಆಲೂಗೆಡ್ಡೆಗೆ ರೋಗ ತಗುಲಿ ಐರ್ಲೆಂಡು ಘೋರ ಕ್ಷಾಮಕ್ಕೆ ಈಡಾಗಿತ್ತು. ಸ್ವಾಯೆಯು ಪತ್ರಿಕೆಗಳಿಗೆ ಅಗ್ಗದ ಸಾರಿನ ವಿಧಾನಗಳನ್ನು ಬರೆದನು. ಸರ್ಕಾರವು ಆತನನ್ನು ಡಬ್ಲಿನ್ನಿಗೆ ಕಳುಹಿಸಿತು. ಏಪ್ರಿಲ್ 5ರಂದು ರಾಯಲ್ ಬ್ಯಾರಕ್ಸಿನ ಮುಂದಣ ಬಯಲಿನಲ್ಲಿ ತೆರೆದ ಆತನ ಗಂಜಿಕೇಂದ್ರವು ರಿಫಾರ್ಮ್ ಕ್ಲಬ್ಬಿನ ಅಡುಗೆಮನೆಯ ಒಡಹುಟ್ಟೇ ಸರಿ. ಮರದ ದೊಡ್ಡ ಚಪ್ಪರದ ನಡುವೆ 300 ಗ್ಯಾಲನ್ನಿನ ಕೊಪ್ಪರಿಗೆ. ಉದ್ದನೆಯ ಮೇಜುಗಳಲ್ಲಿ ನೂರು ಬೋಗುಣಿಗಳನ್ನು ಕೂರಿಸಿ, ಒಂದೊಂದಕ್ಕೂ ಚಮಚವನ್ನು ಸರಪಣಿಯಿಂದ ಬಿಗಿದಿತ್ತು. ಹೊರಗೆ ಸುತ್ತುಬಳಸಿನ ಓಣಿಯಲ್ಲಿ ಸಾಲು. ಗಂಟೆ ಬಾರಿಸಿದೊಡನೆ ನೂರು ಮಂದಿ ಒಳಕ್ಕೆ. ಆರು ನಿಮಿಷಗಳಲ್ಲಿ ಮತ್ತೆ ಗಂಟೆ. ಆಚೆಯ ಬಾಗಿಲಿನಲ್ಲಿ ರೊಟ್ಟಿಯ ತುಂಡನ್ನು ಪಡೆದು ಅವರು ಹೊರಕ್ಕೆ, ಬೋಗುಣಿಗಳನ್ನು ಒರೆಸಿ ಮುಂದಣ ನೂರು ಮಂದಿಗೆ ಕರೆ. ಹೀಗೆ ದಿನಕ್ಕೆ ಸರಾಸರಿ 8,750 ಮಂದಿಗೆ ಉಣಿಸಲಾಯಿತು. ಅದೇ ಬೇಸಗೆಯಲ್ಲಿ ಸರ್ಕಾರದ ಕಾನೂನಿನನ್ವಯ ದ್ವೀಪದಾದ್ಯಂತ ತೆರೆದ ಕೇಂದ್ರಗಳಲ್ಲಿ ದಿನಂಪ್ರತಿ ಮೂವತ್ತು ಲಕ್ಷಕ್ಕೂ ಮಿಕ್ಕಿದ ಜನ ಉಂಡರು.

ಇಲ್ಲಿ ಸ್ವಾಯೆಯ ಭಕ್ತರು ಮರೆಮಾಚುವ ಎರಡು ಸಂಗತಿಗಳನ್ನು ಹೇಳದೆ ಬಿಡಲಾಗದು. ಮೊದಲನೆಯದು ಸಾರಿನ ಸತ್ತ್ವ. ಆತನ ಮೊದಲನೆಯ ವಿಧಾನದಲ್ಲಿ ಎರಡು ಗ್ಯಾಲನ್ ನೀರಿಗೆ ದನದ ಕಾಲಿನ ಮಾಂಸ ಕಾಲು ಪೌಂಡು ಮಾತ್ರ. ಉಳಿದುದು ಒಂದಿಷ್ಟು ಕೊಬ್ಬು, ಈರುಳ್ಳಿ, ಹಿಟ್ಟು, ಬಾರ್ಲಿ, ಉಪ್ಪು. ಇದು ನಾಲಗೆಯನ್ನು ಒಲಿಸಬಹುದೇ ಹೊರತು ದೇಹವನ್ನು ಪೋಷಿಸಲಾರದೆಂದು ಲ್ಯಾನ್ಸೆಟ್ ವೈದ್ಯಪತ್ರಿಕೆಯು ಅಂದೇ ಆಕ್ಷೇಪಿಸಿತು. ಆ ಆಕ್ಷೇಪಕ್ಕೆ ಸಮರ್ಪಕವಾದ ಉತ್ತರವನ್ನು ಸ್ವಾಯೆಯು ಕೊಟ್ಟನೆಂದು ನನಗೆ ತೋರುವುದಿಲ್ಲ. ರುಚಿಯೇ ಪುಷ್ಟಿಯ ಪ್ರಮಾಣವೆಂಬ ಬಾಣಸಿಗರ ಹಳೆಯ ನಂಬಿಕೆಯು ಇಲ್ಲಿ ಆತನನ್ನು ದಾರಿ ತಪ್ಪಿಸಿತು. ಎರಡನೆಯದು ಇನ್ನೂ ಕಹಿಯಾದದ್ದು: ಬಡವರು ಉಣ್ಣುವುದನ್ನು ನಿಂತು ನೋಡಲು ಡಬ್ಲಿನ್ನಿನ ಕುಲೀನರಿಂದ ತಲೆಗೆ ಐದು ಶಿಲಿಂಗು ವಸೂಲಾಯಿತು. ಹಣವು ಧರ್ಮಕ್ಕೇ ಸಂದಿರಬಹುದು, ಆದರೂ ಸ್ಥಳೀಯ ಪತ್ರಿಕೆಯು ಕೆರಳಿದುದು ನ್ಯಾಯವೇ. ಪ್ರದರ್ಶನದ ಚಪಲವು ಆ ಮನುಷ್ಯನನ್ನು ಎಲ್ಲಿಯೂ ಬಿಟ್ಟುದಿಲ್ಲ.

ಆ ಚಪಲಕ್ಕೆ ದಂಡ ತೆರುವ ಕಾಲವೂ ಬಂದಿತು. 1850ರಲ್ಲಿ ಕ್ಲಬ್ಬಿನ ಉದ್ಯೋಗವನ್ನು ಬಿಟ್ಟು, ಮರುವರ್ಷ ಹೈಡ್ ಪಾರ್ಕಿನಲ್ಲಿ ಮಹಾಪ್ರದರ್ಶನವು ನಡೆದಾಗ ಅದರೆದುರಿನ ಗೋರ್ ಹೌಸನ್ನು ಹಿಡಿದು, ಸಕಲ ರಾಷ್ಟ್ರಗಳ ಭೋಜನವೂ ಒಂದೆಡೆ ದೊರೆವ ಮಹಾಭೋಜನಶಾಲೆಯನ್ನು ತೆರೆದನು. ಸಾವಿರಕ್ಕೂ ಮಿಕ್ಕಿದ ಜನರು ಒಮ್ಮೆಗೇ ಕೂರುವ ಪಂಕ್ತಿ, ಗುಹೆಗಳು, ಗೋಡೆಗಳ ಮೇಲೆ ಸಾಲ ಎಂಬ ತರುಣ ಬರೆದ ವಿಕಟಚಿತ್ರಗಳು. ಆದರೆ ಲೆಕ್ಕಪುಸ್ತಕವನ್ನು ನೋಡಿಕೊಳ್ಳುವವರು ಮಾತ್ರ ಕಾಣೆ. ಗದ್ದಲದ ಬಗ್ಗೆ ದೂರುಗಳೂ ಎದ್ದು, ಅಕ್ಟೋಬರಿನಲ್ಲಿ ಬಾಗಿಲು ಮುಚ್ಚುವಾಗ ಸುಮಾರು ಏಳು ಸಾವಿರ ಪೌಂಡು ನಷ್ಟವಾಗಿತ್ತು. ಆ ನೆಲದ ಮೇಲೆ ಇಂದು ಆಲ್ಬರ್ಟ್ ಹಾಲ್ ನಿಂತಿದೆ. ಬೇರೆಯವರ ಹಣದಲ್ಲಿ ಮಿತವ್ಯಯಿಯಾಗಿದ್ದವನು ತನ್ನ ಹಣದಲ್ಲಿ ಹಾಗಿರಲಿಲ್ಲ. 1854ರಲ್ಲಿ ಒಂದು ಶಿಲಿಂಗಿನ ಬೆಲೆಗೆ ಜನಸಾಮಾನ್ಯರಿಗಾಗಿ ಬರೆದ ಪಾಕಪುಸ್ತಕವು ಲಕ್ಷಾಂತರ ಪ್ರತಿಗಳಲ್ಲಿ ಮಾರಾಟವಾಗಿ ಆತನನ್ನು ಮತ್ತೆ ತನ್ನ ಕಾಲಮೇಲೆ ನಿಲ್ಲಿಸಿತು.

ಕ್ರೈಮಿಯಾ ಯುದ್ಧದಲ್ಲಿ ಇಂಗ್ಲಿಷ್ ಸೈನಿಕರು ಗುಂಡಿಗಿಂತ ಹೆಚ್ಚಾಗಿ ರೋಗದಿಂದ ಸಾಯುತ್ತಿರುವುದು ಟೈಮ್ಸ್ ಪತ್ರಿಕೆಯಿಂದ ತಿಳಿದುಬಂದಾಗ, 1855ರ ಫೆಬ್ರವರಿಯಲ್ಲಿ ಸ್ವಾಯೆಯು ಸ್ವಂತ ವೆಚ್ಚದಲ್ಲಿಯೇ ಅಲ್ಲಿಗೆ ಹೋಗುವೆನೆಂದು ಅದೇ ಪತ್ರಿಕೆಗೆ ಬರೆದನು. ದಾದಿಯರ ನಾಯಕಿ ಫ್ಲಾರೆನ್ಸ್ ನೈಟಿಂಗೇಲಳಿದ್ದ, ತುರ್ಕಿಯ ಸ್ಕುಟಾರಿಯ ಆಸ್ಪತ್ರೆಯಲ್ಲಿ ಆತನು ಕಂಡ ಅಡುಗೆಯ ಕ್ರಮ ಹೀಗಿತ್ತು: ಒಂದೊಂದು ಕೋಣೆಯವರ ಮಾಂಸವನ್ನೂ ಒಂದೊಂದು ಹಲಗೆಗೆ ಬಿಗಿದು, ಗುರುತಿಗಾಗಿ ಚಿಂದಿಬಟ್ಟೆ, ಗುಂಡಿ, ಕತ್ತರಿ, ದೀಪದ ಕುಡಿ ಕತ್ತರಿಸುವ ಚಿಮಟ ಮುಂತಾದ ಸಿಕ್ಕಿದ ವಸ್ತುವನ್ನು ಕಟ್ಟಿ, ಎಲ್ಲವನ್ನೂ ಒಂದೇ ಹಂಡೆಗೆ ಇಳಿಬಿಡುತ್ತಿದ್ದರು. ಬಿಗಿಯಾಗಿ ಕಟ್ಟಿದ್ದರಿಂದ ಹೊರಗಿನದು ಕರಗುವಷ್ಟು ಬೆಂದರೂ ಒಳಗಿನದು ಹಸಿಯಾಗಿಯೇ ಉಳಿಯುತ್ತಿತ್ತು. ಸತ್ತ್ವವೆಲ್ಲ ಇಳಿದಿದ್ದ ನೀರನ್ನು ಚೆಲ್ಲುತ್ತಿದ್ದರು. ಸ್ವಾಯೆಯು ಮೊದಲು ಮಾಡಿದುದು ಕಟ್ಟನ್ನು ಸಡಿಲಿಸಿ, ಆ ನೀರನ್ನು ಸಾರಾಗಿ ಬಡಿಸಿದುದು. ರೋಗಿಗಳ ಬಾಯಲ್ಲಿ ಆ ಸಾರಿನ ಹೆಸರು ಎಷ್ಟು ಬೇಗ ಹರಡಿತೆಂಬುದನ್ನು ಆತನು ಎಂದಿನ ಅಭಿಮಾನದಿಂದಲೇ ವರ್ಣಿಸಿದ್ದಾನೆ; ಈ ಸಲ ಅಭಿಮಾನವು ಸಕಾರಣ.

ಆತನು ರೂಪಿಸಿದ ಯುದ್ಧಕ್ಷೇತ್ರದ ಒಲೆಯಾದರೋ ಮುಚ್ಚಿದ ದೊಡ್ಡ ಲೋಹದ ಡ್ರಮ್ಮಿನಂಥದು: ಕೆಳಗೆ ಬೆಂಕಿಯ ಗೂಡು, ಅದರ ಮೇಲೆ ಕಡಾಯಿ, ಹೊಗೆಗೆ ಕೊಳವೆ. ಬೆಂಕಿಯು ಒಳಗೇ ಅಡಗಿರುವುದರಿಂದ ಮಳೆಗೆ ನಂದುವ, ಗಾಳಿಗೆ ಹಾರುವ, ರಾತ್ರಿಯಲ್ಲಿ ಶತ್ರುವಿನ ಕಣ್ಣಿಗೆ ಬೀಳುವ ಭಯವಿಲ್ಲ. ಐವತ್ತು ಮಂದಿಯ ಅಡುಗೆಗೆ ಹನ್ನೆರಡರಿಂದ ಹದಿನೈದು ಪೌಂಡು ಸೌದೆ ಸಾಕು. ಸಾವಿರ ಮಂದಿಗೆ ಬಯಲೊಲೆಯಲ್ಲಿ 3,500 ಪೌಂಡು ಉರಿಯುತ್ತಿದ್ದಲ್ಲಿ ತನ್ನ ಒಲೆಗಳಿಗೆ 300 ಪೌಂಡು ಮಾತ್ರ ಬೇಕೆಂಬುದು ಆತನದೇ ಲೆಕ್ಕ. ಸೌದೆಗಾಗಿ ಬೇರುಗಳನ್ನೂ ಅಗೆಯುತ್ತಿದ್ದ ಸೈನ್ಯಕ್ಕೆ ಈ ಅಂಕಿಯ ಬೆಲೆಯನ್ನು ವಿವರಿಸಬೇಕಾಗಿರಲಿಲ್ಲ. ನೀರುನೀರಾದ ಡಬ್ಲಿನ್ನಿನ ಸಾರಿಗೂ ಕ್ರೈಮಿಯಾದ ಬಾಲಕ್ಲಾವ ಪಾಳೆಯದ ಪುಷ್ಟಿಕರವಾದ ಸಾರಿಗೂ ಇದ್ದ ಅಂತರ ಆತನ ಕೌಶಲದ್ದಲ್ಲ: ಕ್ರೈಮಿಯಾದಲ್ಲಿ ಸರ್ಕಾರವು ಪಡಿಯ ಮಾಂಸವನ್ನು ಕೊಟ್ಟಿತ್ತು, ಐರ್ಲೆಂಡಿನಲ್ಲಿ ಕೊಡಲಿಲ್ಲ.

ಕ್ರೈಮಿಯಾದಲ್ಲಿ ಹತ್ತಿದ ಜ್ವರವು ಆತನ ದೇಹವನ್ನು ಸವೆಸಿತು. 1857ರಲ್ಲಿ ಲಂಡನ್ನಿಗೆ ಮರಳಿ, ಮರುವರ್ಷ ಸೈನ್ಯದ ಮತ್ತು ನೌಕೆಯ ಅಡುಗೆಯನ್ನು ಕುರಿತು ಉಪನ್ಯಾಸ ಮಾಡಿ, ವೆಲಿಂಗ್ಟನ್ ಬ್ಯಾರಕ್ಸಿನಲ್ಲಿ ಮಾದರಿ ಅಡುಗೆಮನೆಯನ್ನು ಸಿದ್ಧಗೊಳಿಸಿ, 1858ರ ಆಗಸ್ಟ್ 5ರಂದು, ನಲವತ್ತೆಂಟನೆಯ ವಯಸ್ಸಿನಲ್ಲಿ ತೀರಿಕೊಂಡನು. ಎಮ್ಮಾಳ ಸ್ಮಾರಕದಡಿಯಲ್ಲಿಯೇ ಆತನನ್ನು ಹೂಳಿದರು. ಹೊಗಳಿಕೆಯಲ್ಲಿ ಬಲು ಜಿಪುಣಳಾದ ನೈಟಿಂಗೇಲಳು ಈ ಮರಣವನ್ನು ಸೈನ್ಯಕ್ಕಾದ ದೊಡ್ಡ ನಷ್ಟವೆಂದೇ ಎಣಿಸಿದಳು. ಒಲೆಯು ಮಾತ್ರ ಸೌದೆಯಿಂದ ಬೇರೆ ಬೇರೆ ಉರುವಲುಗಳಿಗೆ ಮಾರ್ಪಾಡಾಗುತ್ತ, ಆತನ ಹೆಸರಿನಿಂದಲೇ ಕರೆಯಲ್ಪಡುತ್ತ, ಬ್ರಿಟಿಷ್ ಸೈನ್ಯದಲ್ಲಿ ನೂರು ವರ್ಷಗಳಿಗೂ ಮಿಕ್ಕಿ ಬಳಕೆಯಲ್ಲಿ ಉಳಿಯಿತು.