ಬೆಂಗಳೂರಿನ ಮೆಟ್ರೊ ನಿಲ್ದಾಣಗಳು: ಸ್ಥಳನಾಮ ಮತ್ತು ಐತಿಹ್ಯ

ಸ್ಥಳನಾಮಗಳು ಜನಪದರು ಬರೆಯದೆಯೇ ಉಳಿಸಿಕೊಂಡು ಬಂದ ಚರಿತ್ರೆಯ ಆಕರಗಳು. ‘ಬೆಂಗಳೂರು’ ಎಂಬ ಹೆಸರು ಕ್ರಿ.ಶ. ಸುಮಾರು 900ರ ಬೇಗೂರಿನ ವೀರಗಲ್ಲಿನಲ್ಲಿ ಕಾಣಿಸಿಕೊಳ್ಳುತ್ತದೆ. ಈ ನಗರವು ನುಂಗಿಕೊಂಡ ಹಳ್ಳಿಗಳಲ್ಲಿ ಅನೇಕವು ಇಂದು ಹೆಸರಾಗಿ ಮಾತ್ರ ಉಳಿದಿವೆ. ಅಂತಹ ಹೆಸರುಗಳನ್ನು ನಿತ್ಯವೂ ಲಕ್ಷಾಂತರ ಜನರ ಕಣ್ಣಿಗೂ ಕಿವಿಗೂ ತಲುಪಿಸುತ್ತಿರುವುದು ಮೆಟ್ರೊ ನಿಲ್ದಾಣಗಳು.

2006ರ ಜೂನ್ 24ರಂದು ಶಂಕುಸ್ಥಾಪನೆಗೊಂಡ ‘ನಮ್ಮ ಮೆಟ್ರೊ’ 2011ರ ಅಕ್ಟೋಬರ್ 20ರಂದು ಬೈಯಪ್ಪನಹಳ್ಳಿ ಮತ್ತು ಮಹಾತ್ಮ ಗಾಂಧಿ ರಸ್ತೆಗಳ ನಡುವೆ ಸಂಚಾರ ಆರಂಭಿಸಿತು. 42.3 ಕಿ.ಮೀ. ಉದ್ದದ ಮೊದಲ ಹಂತವು 2017ರ ಜೂನ್‌ನಲ್ಲಿ ಪೂರ್ಣಗೊಂಡಿತು. 2023ರಲ್ಲಿ ನೇರಳೆ ಮಾರ್ಗವು ಚಲ್ಲಘಟ್ಟದಿಂದ ವೈಟ್‌ಫೀಲ್ಡ್‌ವರೆಗೆ ಅಖಂಡವಾಯಿತು. 2024ರಲ್ಲಿ ಹಸಿರು ಮಾರ್ಗವು ಮಾದಾವರವನ್ನು ಮುಟ್ಟಿತು. 2025ರ ಆಗಸ್ಟ್‌ನಲ್ಲಿ ಬೊಮ್ಮಸಂದ್ರದತ್ತ ಸಾಗುವ ಹಳದಿ ಮಾರ್ಗ ತೆರೆಯಿತು.

ನಗರ ನಿರ್ಮಾಣದ ಐತಿಹ್ಯವೊಂದನ್ನು ಇಲ್ಲಿ ನೆನೆಯಬೇಕು. 1537ರಲ್ಲಿ ಕೆಂಪೇಗೌಡನು ಕೋಟೆ ಕಟ್ಟಿಸುವಾಗ ಚಿಕ್ಕಪೇಟೆ–ದೊಡ್ಡಪೇಟೆಗಳ ಕೂಡುಸ್ಥಳದಿಂದ ನಾಲ್ಕು ದಿಕ್ಕಿಗೆ ನೇಗಿಲು ಹೂಡಿಸಿದನೆಂದೂ ಆ ನೇಗಿಲ ಸಾಲುಗಳೇ ಪೇಟೆಯ ಬೀದಿಗಳಾದವೆಂದೂ ಪ್ರತೀತಿಯಿದೆ. ಪೂರ್ವ–ಪಶ್ಚಿಮದ ನೇರಳೆ ಮಾರ್ಗ, ಉತ್ತರ–ದಕ್ಷಿಣದ ಹಸಿರು ಮಾರ್ಗಗಳು ಈ ಸ್ಥಳಕ್ಕೆ ಅನತಿದೂರದ ಮೆಜೆಸ್ಟಿಕ್‌ನಲ್ಲಿ ಒಂದನ್ನೊಂದು ಹಾಯುತ್ತವೆ. ಇದು ಯೋಜಕರು ಉದ್ದೇಶಿಸಿದ ಸಾಮ್ಯವೆಂದು ಹೇಳಲಾಗದು. ಆದರೆ ನಡುವೊಂದನ್ನು ಗುರುತಿಸಿ ನಾಲ್ದೆಸೆಗೆ ಹರಡುವ ಕಲ್ಪನೆ ಐತಿಹ್ಯದಲ್ಲಿಯೂ ಮಾರ್ಗನಕ್ಷೆಯಲ್ಲಿಯೂ ಕಾಣುತ್ತದೆ. ಪರಂಪರೆಯು ನಗರದ ಎಲ್ಲೆಗಳೆಂದು ಗುರುತಿಸುವ ನಾಲ್ಕು ಗೋಪುರಗಳಲ್ಲಿ ಎರಡು ಲಾಲ್‌ಬಾಗ್ ಮತ್ತು ಹಲಸೂರಿನಲ್ಲಿವೆ. ಎರಡೂ ಕಡೆ ಇಂದು ನಿಲ್ದಾಣಗಳಿದ್ದು, ರೈಲು ಆ ಎಲ್ಲೆಗಳನ್ನು ದಾಟಿ ಬಹುದೂರ ಸಾಗುತ್ತದೆ.

ಎಲ್ಲೆಯಾಚೆಯ ಹೆಸರುಗಳಲ್ಲಿ ನೀರಿನ ನೆನಪು ದಟ್ಟವಾಗಿದೆ. ಚನ್ನಸಂದ್ರ, ನಾಗಸಂದ್ರ, ದೊಡ್ಡಕಲ್ಲಸಂದ್ರ, ಹೊಂಗಸಂದ್ರ, ಸಿಂಗಸಂದ್ರ, ಬೊಮ್ಮಸಂದ್ರ ಎಂಬ ಆರು ಹೆಸರುಗಳ ‘ಸಂದ್ರ’ವು ‘ಸಮುದ್ರ’ದ ಆಡುರೂಪ, ಸಮುದ್ರವೆಂದರೆ ಇಲ್ಲಿ ಊರ ಕೆರೆ. ಪಟ್ಟಣಗೆರೆಯಲ್ಲಿ ಕೆರೆ ನೇರವಾಗಿಯೇ ಇದೆ. ಕೋಣನಕುಂಟೆಯಲ್ಲಿ ಕಿರುಗೆರೆಯಾದ ಕುಂಟೆಯಿದೆ. ನದಿಯಿಲ್ಲದ ಬಯಲುಸೀಮೆಯ ಜನ ಮಳೆನೀರನ್ನು ಕಟ್ಟಿಹಾಕಿ ಬಾಳಿದ ಕ್ರಮಕ್ಕೆ ಈ ಪಟ್ಟಿ ಸಾಕ್ಷಿ. ಮೂರು ‘ಅಗ್ರಹಾರ’ಗಳು ದಾನದ ಭೂಮಿಯನ್ನೂ, ಸೀತಾರಾಮಪಾಳ್ಯ, ಗರುಡಾಚಾರ್‌ಪಾಳ್ಯ, ಸಿಂಗಯ್ಯನಪಾಳ್ಯ, ಗೊರಗುಂಟೆಪಾಳ್ಯಗಳು ಬೀಡುಬಿಟ್ಟು ನೆಲೆಸಿದ ಬಗೆಯನ್ನೂ ಸೂಚಿಸುತ್ತವೆ.

ಮೆಜೆಸ್ಟಿಕ್‌ನ ನಿದರ್ಶನ ಇನ್ನೂ ಸ್ವಾರಸ್ಯಕರವಾದುದು. ಅಲ್ಲಿಯ ಬಸ್ ನಿಲ್ದಾಣವು ಧರ್ಮಾಂಬುಧಿ ಕೆರೆಯ ಅಂಗಳದಲ್ಲಿದೆ. ಕೆರೆ ಬತ್ತಿತು, ಚಿತ್ರಮಂದಿರವೊಂದರ ಹೆಸರು ಆ ಪ್ರದೇಶಕ್ಕೆ ಅಂಟಿತು, ಚಿತ್ರಮಂದಿರವೂ ಮರೆಯಾಯಿತು, ಹೆಸರು ಮಾತ್ರ ಉಳಿಯಿತು. ಮೆಟ್ರೊ ನಿಲ್ದಾಣವು ಅಧಿಕೃತವಾಗಿ ‘ನಾಡಪ್ರಭು ಕೆಂಪೇಗೌಡ ನಿಲ್ದಾಣ, ಮೆಜೆಸ್ಟಿಕ್’. ವಿಧಾನಸೌಧದ ನಿಲ್ದಾಣಕ್ಕೆ ಡಾ. ಬಿ.ಆರ್. ಅಂಬೇಡ್ಕರ್ ಅವರ, ಸೆಂಟ್ರಲ್ ಕಾಲೇಜಿನದಕ್ಕೆ ಸರ್ ಎಂ. ವಿಶ್ವೇಶ್ವರಯ್ಯನವರ ಹೆಸರಿದೆ. ಇಲ್ಲೆಲ್ಲ ಗೌರವಿಸುವ ಹೆಸರು ಮತ್ತು ಕರೆಯುವ ಹೆಸರು ಜೊತೆಗೂಡಿವೆ. ‘ವೈಟ್‌ಫೀಲ್ಡ್ (ಕಾಡುಗೋಡಿ)’ ಫಲಕದಲ್ಲಿ 1882ರಲ್ಲಿ ಆಂಗ್ಲೋ–ಇಂಡಿಯನ್ನರಿಗಾಗಿ ಡಿ.ಎಸ್. ವೈಟ್ ನೆಲೆಗೊಳಿಸಿದ ವಸಾಹತು ಮುಂದಿದ್ದು, ಸ್ಥಳೀಯ ಗ್ರಾಮವು ಆವರಣದೊಳಗೆ ಸೇರಿದೆ. ಕೆಲವು ನಿಲ್ದಾಣಗಳಲ್ಲಿ ಊರಿನ ಹೆಸರಿಗೆ ವಾಣಿಜ್ಯ ಸಂಸ್ಥೆಗಳ ಹೆಸರು ಮುಂಪದವಾಗಿ ಬಂದಿದೆ.

ಹೆಸರು ಬದಲಾಗುವುದು ಹೊಸತಲ್ಲ. ಧರ್ಮಾಂಬುಧಿ ಮೆಜೆಸ್ಟಿಕ್ ಆದದ್ದು ಜನರ ಬಾಯಲ್ಲಿಯೇ. ಆದರೆ ಬಳಕೆಯಿಂದ ಮೂಡುವ ಬದಲಾವಣೆ ಬೇರೆ, ಫಲಕದಿಂದ ಹೇರುವ ಬದಲಾವಣೆ ಬೇರೆ. ಕೆರೆ ಬತ್ತಿ, ಏರಿ ರಸ್ತೆಯಾಗಿ, ಗ್ರಾಮನಕ್ಷೆ ಕಡತ ಸೇರಿದ ಮೇಲೆ ‘ಸಂದ್ರ’ವೆಂಬ ಎರಡಕ್ಷರವೇ ಅಲ್ಲಿ ಕೆರೆಯಿತ್ತೆಂಬುದಕ್ಕೆ ಜನಸಾಮಾನ್ಯರ ಬಳಿ ಉಳಿಯುವ ಆಧಾರ. ಅದನ್ನು ಅಳಿಸುವುದು ಶಾಸನದ ಕಲ್ಲನ್ನು ಒಡೆದಂತೆ. ನಿಲ್ದಾಣದ ಊರುಗಳಲ್ಲಿ ಇನ್ನೂ ನೆಲೆಸಿರುವ ಹಿರಿಯರಿಂದ ಕೆರೆ, ತೋಪು, ಗ್ರಾಮದೇವತೆಗಳ ಐತಿಹ್ಯಗಳನ್ನು ಸಂಗ್ರಹಿಸುವ ಕ್ಷೇತ್ರಕಾರ್ಯ ತ್ವರಿತವಾಗಿ ನಡೆಯಬೇಕಿದೆ. ಫಲಕ ಹೆಸರನ್ನು ಉಳಿಸಬಲ್ಲದು. ಹೆಸರಿನ ಹಿಂದಿನ ಕಥೆಯನ್ನು ಹೇಳಬಲ್ಲವರು ಆ ಹಿರಿಯರೇ.