ನವಾಬ ಬಣ್ಣ ತೊಳೆದ ಮೇಲೆ

ನಾನು ಕಂಪನಿ ನಾಟಕದವನು. ಹದಿನೆಂಟು ವರ್ಷ ಬಣ್ಣ ಹಚ್ಚಿದೆ. ಅಷ್ಟರಲ್ಲಿ ರಾಜಾಪಾರ್ಟು ನನ್ನ ಪಾಲಿಗೆ ಬಂದದ್ದು ಎರಡೇ ಸಲ, ಅದೂ ಆ ಪಾರ್ಟಿನವರಿಗೆ ಗಂಟಲು ಕಟ್ಟಿದ ರಾತ್ರಿಗಳಲ್ಲಿ. ಮಿಕ್ಕಂತೆ ಅಪ್ಪ, ದೊಡ್ಡಣ್ಣ, ಮಂತ್ರಿ, ಸಾಹುಕಾರನ ಗುಮಾಸ್ತ. ಹೀಗಾಗಿ ಸಿನಿಮಾ ನೋಡುವಾಗಲೂ ನನ್ನ ಕಣ್ಣು ನಾಯಕನ ಮೇಲೆ ನಿಲ್ಲುವುದಿಲ್ಲ. ಪಕ್ಕದಲ್ಲಿ ನಿಂತು ಅವನ ಮಾತು ಕೇಳಿಸಿಕೊಳ್ಳುತ್ತಿರುವವನ ಕಡೆಗೇ ಹೋಗುತ್ತದೆ. ಕೇಳಿಸಿಕೊಳ್ಳುವುದು ನಮ್ಮ ಕಸುಬಿನ ಅರ್ಧ ಭಾಗ. ಪೋಷಕ ನಟ ಅಂದರೆ ಇನ್ನೇನು, ಮತ್ತೊಬ್ಬನ ಮಾತಿಗೆ ತೂಕ ಕೊಡುವವನು.

ನಾವೆಲ್ಲ ಗುಮಾಸ್ತನಿಂದ ಶುರುಮಾಡಿ ರಾಜಾಪಾರ್ಟಿಗೆ ಕಾಯುವವರು. ಇದಕ್ಕೆ ತಿರುವುಮುರುವಾಗಿ ನಡೆದ ನಟರೊಬ್ಬರು ಬಾಂಗ್ಲಾದೇಶದಲ್ಲಿದ್ದರು. ಹೆಸರು ಅನ್ವರ್ ಹುಸೇನ್. ಮೂವತ್ತೈದರ ವಯಸ್ಸಿಗೆ ನವಾಬನಾಗಿ, ಅಲ್ಲಿಂದ ಮೆಟ್ಟಿಲಿಳಿದು ಲಾಠಿಯವನಾಗಿ, ಬಡವನಾಗಿ, ಅಪ್ಪನಾಗಿ ಬಾಳಿದವರು. ಮೊಮ್ಮಗ ಟಿವಿಗೆ ಹಾಕಿಕೊಟ್ಟ ಮಸುಕು ಪ್ರಿಂಟುಗಳಲ್ಲಿ ನಾನು ಅವರನ್ನು ಕಂಡದ್ದು. ಬಂಗಾಳಿ ನನಗೆ ಅರ್ಧಂಬರ್ಧ. ಆದರೆ ನಟ ಉಸಿರು ಎಲ್ಲಿ ತೆಗೆದುಕೊಳ್ಳುತ್ತಾನೆ ಅನ್ನುವುದು ತಿಳಿಯಲು ಭಾಷೆ ಬೇಕಿಲ್ಲ.

ಹುಟ್ಟಿದ್ದು 1931ರ ನವೆಂಬರ್ 6ರಂದು, ಹಳೆ ಬ್ರಹ್ಮಪುತ್ರಾ ಹರಿಯುವ ಜಮಾಲ್‌ಪುರದ ಸೀಮೆಯಲ್ಲಿ. ಶಾಲೆಯ ನಾಟಕದಲ್ಲೇ ಹುಚ್ಚು ಹತ್ತಿತು. ಮೈಮೆನ್‌ಸಿಂಗ್‌ನ ಆನಂದಮೋಹನ ಕಾಲೇಜಿನಲ್ಲಿ ಓದಿ 1957ರಲ್ಲಿ ಢಾಕಾಕ್ಕೆ ಬಂದರು. ಮೊದಲು ರಂಗಭೂಮಿ, ರೇಡಿಯೋ ನಾಟಕ. ರೇಡಿಯೋದಲ್ಲಿ ಪಳಗಿದ ಗಂಟಲನ್ನು ಗುರುತಿಸುವುದು ಸುಲಭ. ಕೊನೆಯ ಅಕ್ಷರವನ್ನು ಅದು ನುಂಗುವುದಿಲ್ಲ.

ಆಗ ಢಾಕಾದ ಸಿನಿಮಾ ಇನ್ನೂ ತೊಟ್ಟಿಲ ಕೂಸು. ಪೂರ್ವ ಪಾಕಿಸ್ತಾನದ ಮೊದಲ ಬಂಗಾಳಿ ಟಾಕಿ, ಅಬ್ದುಲ್ ಜಬ್ಬಾರ್ ಖಾನ್ ನಿರ್ದೇಶಿಸಿದ 'ಮುಖ್ ಓ ಮುಖೋಶ್', 1956ರ ಆಗಸ್ಟ್ 3ರಂದು ತೆರೆಕಂಡಿತ್ತು. ಫಿಲ್ಮು ತೊಳೆಯಲು ಊರಿನಲ್ಲಿ ಲ್ಯಾಬು ಇಲ್ಲದೆ ರೀಲುಗಳನ್ನು ಸಾವಿರ ಕಿಲೋಮೀಟರಿಗೂ ಆಚೆಯ ಲಾಹೋರಿಗೆ ಕಳಿಸಬೇಕಾಗಿತ್ತು. ಮರುವರ್ಷ ಏಪ್ರಿಲ್ 3ರಂದು ಪ್ರಾಂತೀಯ ಶಾಸನಸಭೆಯಲ್ಲಿ ಚಿತ್ರ ಅಭಿವೃದ್ಧಿ ನಿಗಮದ ಮಸೂದೆ ಮಂಡನೆಯಾಯಿತು. ಮಂಡಿಸಿದ ಮಂತ್ರಿಯ ಹೆಸರು ಶೇಖ್ ಮುಜಿಬುರ್ ರೆಹಮಾನ್. ತೇಜಗಾಂವ್‌ನಲ್ಲಿ ಎದ್ದ ಆ ನಿಗಮದ ಸ್ಟುಡಿಯೋವನ್ನು ಅಲ್ಲಿಯವರು ಇವತ್ತಿಗೂ ಎಫ್‌ಡಿಸಿ ಅಂತಲೇ ಕರೆಯುವುದು. ಅನ್ವರ್ ಹುಸೇನರ ಇಡೀ ಬಾಳು ಅದರ ಗೇಟಿನ ಒಳಗೇ ಸವೆಯಿತು.

1961ರ ಮೊದಲ ಚಿತ್ರ 'ತೋಮಾರ್ ಆಮಾರ್'ನಲ್ಲಿ ಅವರು ಖಳ. ಮರುವರ್ಷ ನಿರ್ದೇಶಕ ಸಲಾಹುದ್ದೀನರ 'ಸೂರ್ಯಸ್ನಾನ್'ನಲ್ಲಿ ಮುಖ್ಯ ಪಾತ್ರ. 1965ರ ಭಾರತ-ಪಾಕಿಸ್ತಾನ ಯುದ್ಧದ ನಂತರ ಭಾರತದ ಚಿತ್ರಗಳು ಅಲ್ಲಿಗೆ ಬರುವುದು ನಿಂತಿತು. ಢಾಕಾದವರು ಉರ್ದು ಚಿತ್ರಗಳನ್ನೂ ಮಾಡುತ್ತಿದ್ದ ಕಾಲವದು. ಅದೇ ವರ್ಷ ಸಲಾಹುದ್ದೀನರು ಬಂಗಾಳದ ಜನಪದ ರಂಗವಾದ ಜಾತ್ರಾದ 'ರೂಪ್‌ಬಾನ್' ಕಥೆಯನ್ನು ತೆರೆಗೆ ತಂದಾಗ ಹಳ್ಳಿಯವರು ಗಾಡಿ, ದೋಣಿ ಹತ್ತಿ ಬಂದು ನೋಡಿದರು. ಬಂಗಾಳಿ ಮಾತಿಗೆ ದುಡ್ಡು ಹುಟ್ಟುತ್ತದೆ ಅಂತ ನಿರ್ಮಾಪಕರಿಗೆ ಧೈರ್ಯ ಬಂತು. ಆ ಧೈರ್ಯದ ಮೇಲೆ, 1967ರಲ್ಲಿ, ಖಾನ್ ಅತಾವುರ್ ರೆಹಮಾನ್ 'ನವಾಬ್ ಸಿರಾಜುದ್ದೌಲಾ' ತೆಗೆದರು.

ಇಲ್ಲಿ ಸ್ವಲ್ಪ ನಿಲ್ಲಬೇಕು. ಯಾಕೆಂದರೆ ಸಿರಾಜ್ ಅನ್ನುವುದು ಬರೀ ಪಾರ್ಟಲ್ಲ. ಅದೊಂದು ಹಳೆಯ ಅಂಗಿ, ಅನ್ವರ್ ಹುಸೇನರಿಗಿಂತ ಮೊದಲೇ ಹಲವರ ಬೆವರು ಕುಡಿದದ್ದು. 1757ರ ಜೂನ್ 23ರಂದು ಪ್ಲಾಸಿಯ ಮಾವಿನ ತೋಪಿನಲ್ಲಿ ಈಸ್ಟ್ ಇಂಡಿಯಾ ಕಂಪನಿಯ ಕ್ಲೈವನ ಎದುರು ಸೋತು, ಹತ್ತೇ ದಿನದೊಳಗೆ ಕೊಲೆಯಾದ ಹರೆಯದ ನವಾಬ ಅವನು. ನಮ್ಮಲ್ಲಿ ದ್ರೋಹಿಗೆ ಮೀರ್ ಸಾದಿಕ್ ಅನ್ನುವಂತೆ ಅಲ್ಲಿ ಸಿರಾಜನಿಗೆ ಕೈಕೊಟ್ಟ ಸೇನಾಪತಿಯ ಹೆಸರು ಹಿಡಿದು ಮೀರ್ ಜಾಫರ್ ಅನ್ನುತ್ತಾರೆ. ಇಂಗ್ಲಿಷರು ಸಿರಾಜನನ್ನು ಕ್ರೂರಿ, ವಿಷಯಲಂಪಟ ಅಂತ ಬರೆದಿಟ್ಟಿದ್ದರು. ಹತ್ತೊಂಬತ್ತನೆಯ ಶತಮಾನದ ಕೊನೆಗೆ ಅಕ್ಷಯಕುಮಾರ ಮೈತ್ರೇಯರು ದಾಖಲೆ ಹಿಡಿದು ಆ ಚಿತ್ರವನ್ನು ಅಲುಗಾಡಿಸಿದರು. ಗಿರೀಶಚಂದ್ರ ಘೋಷರು ಸ್ವದೇಶಿ ಚಳವಳಿಯ ಕಾಲಕ್ಕೆ ಅವನನ್ನು ರಂಗಕ್ಕೆ ತಂದರು, ಸರ್ಕಾರ ಮುಂದೆ ಆ ನಾಟಕವನ್ನು ನಿಷೇಧಿಸಿತು. 1938ರಲ್ಲಿ ಶಚೀಂದ್ರನಾಥ ಸೇನಗುಪ್ತರ ನಾಟಕ ಬಂತು. 1940ರಲ್ಲಿ ಸುಭಾಷ್ ಬೋಸರು ಸಿರಾಜನ ಹೆಸರಿಗೆ ಮಸಿ ಬಳಿಯುವಂತಿದ್ದ ಹಾಲ್ವೆಲ್ ಸ್ಮಾರಕವನ್ನು ಕಲ್ಕತ್ತೆಯಿಂದ ತೆಗೆಸಬೇಕೆಂದು ಚಳವಳಿ ಹೂಡಿ, ಜುಲೈ 2ರಂದು ಸೆರೆಯಾದರು. ಹಿಂದೂಗಳೂ ಮುಸಲ್ಮಾನರೂ ಕೂಡಿ ನಡೆಸಿದ ಹೋರಾಟ ಅದು.

ಅಂಥ ಅಂಗಿ ತೊಟ್ಟುಕೊಂಡು ಅನ್ವರ್ ಹುಸೇನ್ ಕ್ಯಾಮೆರಾ ಮುಂದೆ ನಿಂತದ್ದು, ಶೇಖ್ ಮುಜಿಬರು ಪೂರ್ವ ಪಾಕಿಸ್ತಾನಕ್ಕೆ ಸ್ವಾಯತ್ತತೆ ಕೇಳುವ ಆರು ಅಂಶಗಳ ಬೇಡಿಕೆ ಮುಂದಿಟ್ಟ ಮರುವರ್ಷ. ಪರದೆಯ ಮೇಲೆ ಕ್ಲೈವನಿದ್ದ, ನೋಡುವವರ ಮನಸ್ಸಿನಲ್ಲಿ ಪಶ್ಚಿಮ ಪಾಕಿಸ್ತಾನ ಇತ್ತು. ಬಂಗಾಳದ ಸ್ವಾತಂತ್ರ್ಯ ಅನ್ನುವ ಮಾತನ್ನು ಇನ್ನೂರು ವರ್ಷದ ಹಿಂದಿನ ನವಾಬನ ಬಾಯಲ್ಲಿ ಹೇಳಿಸಿದರೆ ಯಾವ ಸೆನ್ಸಾರಿನವನು ತಡೆದಾನು? ಅವರ ನಟನೆ ನಮ್ಮ ಕಂಪನಿ ಶೈಲಿಯದೇ. ಮಾತು ಏರಿಸಿ, ನಿಲ್ಲಿಸಿ, ಕಾದು, ಆಮೇಲೆ ಇಳಿಸುವುದು. ಈಗಿನ ಹುಡುಗರಿಗೆ ಅತಿ ಅನ್ನಿಸೀತು. ನನಗೆ ಮಾತ್ರ ಆ ಕಾಯುವಿಕೆ ಕಂಡು ಕೂದಲು ನಿಮಿರಿತು. ಜನ ಆ ಮಾತುಗಳನ್ನು ಬಾಯಿಪಾಠ ಮಾಡಿಕೊಂಡರು, ಅವರಿಗೆ 'ಮುಕುಟಹೀನ ನವಾಬ್' ಅಂತ ಬಿರುದು ಕೊಟ್ಟರು. ಕಿರೀಟವಿಲ್ಲದ ನವಾಬ.

ಇಂಥ ಬಿರುದು ಸಿಕ್ಕ ನಟನ ಗತಿ ನಮ್ಮ ಕಡೆ ನಾನು ಬಲ್ಲೆ. ಒಂದು ಪಾರ್ಟು ಮೈಗೆ ಅಂಟಿದರೆ ಬೇರೆ ಬಣ್ಣ ಹತ್ತುವುದಿಲ್ಲ. ಇಳಿವಯಸ್ಸಿನಲ್ಲೂ ಅದೇ ಸಂಭಾಷಣೆ ಹೇಳಿ ಚಪ್ಪಾಳೆ ಗಿಟ್ಟಿಸುತ್ತ ಕೂತುಬಿಡುತ್ತಾರೆ. ಅನ್ವರ್ ಹುಸೇನ್ ಅದನ್ನು ಮಾಡಲಿಲ್ಲ. 1970ರಲ್ಲಿ ಜಹೀರ್ ರೈಹಾನರ 'ಜೀಬನ್ ಥೇಕೆ ನೇಯಾ' ಬಂತು. ಮನೆಯ ಬೀಗದ ಕೈ ಗೊಂಚಲು ಸೆರಗಿಗೆ ಕಟ್ಟಿಕೊಂಡು ಎಲ್ಲರನ್ನೂ ಆಳುವ ಒಬ್ಬ ಅಕ್ಕನ ಕಥೆ. ಆ ಅಕ್ಕ ಜನರಲ್ ಅಯೂಬ್ ಖಾನ್ ಅನ್ನುವುದು ಹಾಲಿನಲ್ಲಿ ಕೂತ ಮಕ್ಕಳಿಗೂ ತಿಳಿಯುವಂತಿತ್ತು. ಅಕ್ಕನ ಪಾತ್ರ ರೌಶನ್ ಜಮೀಲರದು, ಪ್ರಾಯದ ನಾಯಕ ರಜ್ಜಾಕ್. ಅನ್ವರ್ ಹುಸೇನ್ ಇಲ್ಲಿ ಜೈಲು ಸೇರುವ ಚಳವಳಿಗಾರ, ಇಬ್ಬರು ತಂಗಿಯರ ಅಣ್ಣ. ಟಾಗೋರರ ಯಾವ ಹಾಡು ಮರುವರ್ಷ ಹೊಸ ದೇಶದ ರಾಷ್ಟ್ರಗೀತೆಯಾಯಿತೋ ಅದು ಈ ಚಿತ್ರದಲ್ಲಿದೆ. ಜಹೀರ್ ರೈಹಾನರು ಮಾತ್ರ ಉಳಿಯಲಿಲ್ಲ. ಬಾಂಗ್ಲಾದೇಶದ ವಿಮೋಚನೆಯಾದ ಮೇಲೆ, 1972ರ ಜನವರಿ 30ರಂದು, ಕಾಣೆಯಾಗಿದ್ದ ಅಣ್ಣ ಶಹೀದುಲ್ಲಾ ಕೈಸರ್ ಅವರನ್ನು ಹುಡುಕಿಕೊಂಡು ಮೀರ್‌ಪುರಕ್ಕೆ ಹೋದವರು ತಿರುಗಿ ಬರಲಿಲ್ಲ.

ಅದೇ 1972ರಲ್ಲಿ ಸುಭಾಷ್ ದತ್ತರ 'ಅರುಣೋದಯೇರ್ ಅಗ್ನಿಸಾಕ್ಷಿ'. ನನ್ನನ್ನು ಬಹಳ ಕಾಡಿದ ಚಿತ್ರ ಇದು. ಇದರಲ್ಲಿ ಅನ್ವರ್ ಹುಸೇನರದು ಒಬ್ಬ ಸಿನಿಮಾ ನಟನ ಪಾತ್ರವೇ. ದೇಶ ಹೊತ್ತಿ ಉರಿಯುವಾಗ ಗಡಿ ದಾಟಿ ಕಲ್ಕತ್ತೆ ಸೇರಿದ ನಟ. ಮಿಕ್ಕವರು ಬಂದೂಕು ಹಿಡಿದರು, ನಾನೇನು ಮಾಡಿದೆ ಅಂತ ಒಳಗೇ ಬೇಯುವವನು. ಪರದೆಯ ಮೇಲೆ ಸ್ವಾತಂತ್ರ್ಯಕ್ಕಾಗಿ ಕತ್ತಿ ಎತ್ತಿದ ಅದೇ ಮುಖ ಐದು ವರ್ಷ ಕಳೆದು ಅದೇ ಪ್ರೇಕ್ಷಕರ ಮುಂದೆ ನಾಚಿಕೆ ಹೊತ್ತು ನಿಂತಿತು. ಇಂಥ ಪಾರ್ಟು ಒಪ್ಪಿಕೊಳ್ಳಲು ಎದೆಗಾರಿಕೆ ಬೇಕು. ನಾನಾಗಿದ್ದರೆ ಏನಾದರೂ ನೆವ ಹೇಳಿ ತಪ್ಪಿಸಿಕೊಳ್ಳುತ್ತಿದ್ದೆ.

ಆಮೇಲೆ ಅವರು ಮಣ್ಣಿಗೇ ಇಳಿದರು. ಪದ್ಮಾ, ಮೇಘನಾ, ಜಮುನಾ ನದಿಗಳು ಪ್ರತಿ ಮಳೆಗಾಲ ಒಂದು ದಡ ನುಂಗಿ ಇನ್ನೊಂದೆಡೆ ಹೊಸ ನೆಲ ಉಗುಳುತ್ತವೆ. ಆ ನಡುಗಡ್ಡೆಗೆ ಚರ್ ಅನ್ನುತ್ತಾರೆ. ಹೊಸ ನೆಲಕ್ಕೆ ಕಾಗದಪತ್ರ ಇರುತ್ತಿರಲಿಲ್ಲ, ಯಾರು ಮೊದಲು ಕಾಲೂರಿ ನಿಲ್ಲುತ್ತಿದ್ದರೋ ಅವರದಾಗುತ್ತಿತ್ತು. ಜಮೀನ್ದಾರರು ಅದಕ್ಕಾಗಿಯೇ ಕೂಲಿ ಕೊಟ್ಟು ದೊಣ್ಣೆ ವರಸೆಯವರನ್ನು ಸಾಕುತ್ತಿದ್ದರು. ಅವರೇ ಲಾಠಿಯಾಲರು. ನಾರಾಯಣ ಘೋಷ್ ಮಿತಾ ಅವರ 'ಲಾಠಿಯಾಲ್' (1975) ಅಂಥ ಒಬ್ಬನ ಕಥೆ. ಅನ್ವರ್ ಹುಸೇನ್ ಒಡೆಯನ ಉಪ್ಪು ತಿಂದ ಅಣ್ಣ, ಫಾರೂಕ್ ತಮ್ಮ. ಉಪ್ಪಿನ ಋಣ ಒಂದು ಕಡೆ, ಒಡಹುಟ್ಟಿದವನು ಒಂದು ಕಡೆ.

ಆ ದಶಕದ ನಡುವಿನಲ್ಲೇ ಭಾರತ, ಬಾಂಗ್ಲಾದೇಶ ಎರಡೂ ದೇಶದವರು ಕೂಡಿ ತೆಗೆದ ರಾಜೇನ್ ತರಫ್ದಾರರ 'ಪಾಲಂಕ'. ದೇಶ ಒಡೆದ ಮೇಲೂ ಪೂರ್ವ ಬಂಗಾಳ ಬಿಡದ ಹಿಂದೂ ಯಜಮಾನ, ಕಲ್ಕತ್ತೆಯಲ್ಲಿರುವ ಸೊಸೆಯ ಮಾತಿಗೆ ಸಿಟ್ಟಿಗೆದ್ದು ಮನೆಯ ದೊಡ್ಡ ಮಂಚವನ್ನು ಬಡವ ಮಕ್ಬೂಲನಿಗೆ ಮಾರಿಬಿಡುತ್ತಾನೆ. ಆಮೇಲೆ ತಳಮಳ, ಅದು ವಾಪಸು ಬೇಕು. ಮಕ್ಬೂಲ ಹೊಟ್ಟೆಗಿಲ್ಲದಿದ್ದರೂ ಕೊಡುವುದಿಲ್ಲ. ಯಜಮಾನ ಉತ್ಪಲ್ ದತ್ತ, ಮಕ್ಬೂಲ ನಮ್ಮ ನವಾಬ. ಉತ್ಪಲ್ ದತ್ತರಂಥ ಭಾರಿ ಕಂಠದ ಎದುರು ಅನ್ವರ್ ಹುಸೇನ್ ದನಿ ಏರಿಸಲಿಲ್ಲ. ಮಂಚ ನನ್ನದು ಅನ್ನುವ ಹಟವನ್ನು ಮೈಯಲ್ಲೇ ಇಟ್ಟುಕೊಂಡರು. ಮೊದಲೇ ಹೇಳಿದೆನಲ್ಲ, ಕೇಳಿಸಿಕೊಳ್ಳುವ ವಿದ್ಯೆ ಅಂತ, ಅದನ್ನು ಕಲಿಯಬೇಕಾದವರು ಈ ಚಿತ್ರ ನೋಡಬೇಕು.

1978ರ ಅಮ್ಜಾದ್ ಹುಸೇನರ 'ಗೋಲಾಪಿ ಏಖೋನ್ ಟ್ರೇನೆ'ಗೆ ಪೋಷಕ ನಟನ ರಾಷ್ಟ್ರಪ್ರಶಸ್ತಿ ಬಂತು. ಮುಂದಿನ ದಶಕಗಳಲ್ಲಿ ನೂರಾರು ಚಿತ್ರಗಳ ಅಪ್ಪ, ದೊಡ್ಡಪ್ಪ, ನ್ಯಾಯ ಹೇಳುವ ಹಿರಿಯ. ಅದರಲ್ಲಿ ಜೊಳ್ಳೂ ಬೇಕಾದಷ್ಟಿದೆ. ಮನೆ ನಡೆಯಬೇಕಾದ ನಟ ಬಂದ ಪಾರ್ಟನ್ನೆಲ್ಲ ಜರಡಿ ಹಿಡಿಯಲಾರ, ಅದನ್ನು ನನ್ನ ಬಾಯಿಂದ ಯಾರೂ ಕೇಳಬೇಕಾಗಿಲ್ಲ. ಸರ್ಕಾರ ಏಕುಶೇ ಪದಕ ಕೊಟ್ಟಿತು, 2010ರ ಸಾಲಿನ ಜೀವಮಾನ ಸಾಧನೆಯ ಚಲನಚಿತ್ರ ಪ್ರಶಸ್ತಿಯನ್ನೂ ಕೊಟ್ಟಿತು. 2013ರ ಸೆಪ್ಟೆಂಬರ್ 13ರಂದು ಢಾಕಾದಲ್ಲಿ ತೀರಿಕೊಂಡಾಗ ಅವರಿಗೆ ಎಂಬತ್ತೊಂದು ವರ್ಷ.

ಸತ್ತಾಗಲೂ ಜನ ನೆನೆದದ್ದು ನವಾಬನನ್ನೇ. ಅದು ಪ್ರೇಕ್ಷಕರ ಹಕ್ಕು, ಕಿತ್ತುಕೊಳ್ಳಲು ನಾನ್ಯಾರು. ಆದರೆ ಕಸುಬಿನವನಾಗಿ ನನ್ನ ಲೆಕ್ಕ ಬೇರೆ. ಬಾಂಗ್ಲಾದೇಶ ಹುಟ್ಟಿದ ಮೇಲೆ ರಾಷ್ಟ್ರೀಯ ಚಲನಚಿತ್ರ ಪ್ರಶಸ್ತಿಗಳು ಶುರುವಾದದ್ದು 1975ರ ಚಿತ್ರಗಳಿಂದ. ಆ ದೇಶ ಮೊತ್ತಮೊದಲು ಶ್ರೇಷ್ಠ ನಟ ಅಂತ ಕರೆದದ್ದು ಅನ್ವರ್ ಹುಸೇನರನ್ನೇ. ಆ ಪ್ರಶಸ್ತಿ ತಂದ ಚಿತ್ರದಲ್ಲಿ ಅವರ ಕೈಯಲ್ಲಿ ಇದ್ದದ್ದು ಲಾಠಿ.