ವೈವಾಹಿಕ ವ್ಯಾಜ್ಯದಲ್ಲಿ ರಾಜಿ ಮತ್ತು ಕ್ರಿಮಿನಲ್ ಮೊಕದ್ದಮೆಯ ರದ್ದು

ಗಂಡ ಹೆಂಡಿರ ಜಗಳ ಪೊಲೀಸ್ ಠಾಣೆ ಹತ್ತಿ, ಆಮೇಲೆ ಇಬ್ಬರೂ ರಾಜಿಯಾದರೆ ಆ ಮೊಕದ್ದಮೆಯನ್ನು ಹೈಕೋರ್ಟ್ ರದ್ದುಪಡಿಸಬಹುದು. ಭಾರತದಲ್ಲಿ ಈ ಪರಿಪಾಠ ಬೆಳೆದದ್ದು ಸಂಸತ್ತಿನ ಶಾಸನದಿಂದಲ್ಲ, ನ್ಯಾಯಾಲಯಗಳ ತೀರ್ಪುಗಳಿಂದ.

ಇದರ ಕೇಂದ್ರದಲ್ಲಿರುವುದು ಭಾರತೀಯ ದಂಡ ಸಂಹಿತೆಯ 498ಎ ಕಲಂ. ವರದಕ್ಷಿಣೆ ಸಾವುಗಳ ವಿರುದ್ಧ ಮಹಿಳಾ ಸಂಘಟನೆಗಳು ಬೀದಿಗಿಳಿದಿದ್ದ ಕಾಲದಲ್ಲಿ, 1983ರಲ್ಲಿ, ಇದು ಸಂಹಿತೆಗೆ ಸೇರಿತು. ಹೆಂಡತಿಯ ಮೇಲೆ ಕ್ರೌರ್ಯ ಎಸಗುವ ಗಂಡನಿಗೂ ಅವನ ಬಂಧುಗಳಿಗೂ 3 ವರ್ಷದವರೆಗೆ ಸೆರೆವಾಸ ಮತ್ತು ದಂಡ ಎಂದು ಗೊತ್ತುಮಾಡಿತು. ರಾಜಿಗೆ ಅವಕಾಶವಿರುವ ಅಪರಾಧಗಳ ಪಟ್ಟಿ ಆಗ ದಂಡ ಪ್ರಕ್ರಿಯಾ ಸಂಹಿತೆಯ 320ನೇ ಕಲಮಿನಲ್ಲಿತ್ತು. ಅದರಲ್ಲಿ 498ಎಗೆ ಜಾಗ ಸಿಗಲಿಲ್ಲ. 1961ರ ವರದಕ್ಷಿಣೆ ನಿಷೇಧ ಕಾಯ್ದೆಯ ಅಪರಾಧಗಳಿಗೂ ರಾಜಿ ಇರಲಿಲ್ಲ. ಈ ಬಿಗಿಗೆ ಅರ್ಥವಿತ್ತು. ರಾಜಿಯ ಬಾಗಿಲು ತೆರೆದಿದ್ದರೆ ಹೆಂಗಸನ್ನು, ಅವಳ ತವರಿನವರನ್ನು ಹೆದರಿಸಿ ದೂರು ಹಿಂತೆಗೆಸುವುದು ಸುಲಭವಾಗುತ್ತಿತ್ತು.

ಆದರೆ ಮನಃಪೂರ್ವಕವಾಗಿ ರಾಜಿಯಾದವರಿಗೂ ಕೆಳ ನ್ಯಾಯಾಲಯದಲ್ಲಿ ನೇರ ದಾರಿ ಇಲ್ಲವಾಯಿತು. ಹಿರಿಯರು ಕೂತು ಪಂಚಾಯ್ತಿ ಮುಗಿಸಿ, ಒಡವೆ ಹಣ ಮರಳಿದ ಮೇಲೆ, ಹೆಂಡತಿ ಸಾಕ್ಷಿ ಕಟಕಟೆ ಹತ್ತಿ ತಾನೇ ಕೊಟ್ಟ ದೂರನ್ನು ಅಲ್ಲಗಳೆಯುತ್ತಿದ್ದಳು. ಸರ್ಕಾರಿ ವಕೀಲರು ಅವಳನ್ನು ಪ್ರತಿಕೂಲ ಸಾಕ್ಷಿ ಎಂದು ಪರಿಗಣಿಸಿ ಪಾಟೀ ಸವಾಲಿಗೆ ಒಳಪಡಿಸುತ್ತಿದ್ದರು. ಪುರಾವೆ ಸಾಲದೆಂದು ಗಂಡನ ಬಿಡುಗಡೆಯಾಗುತ್ತಿತ್ತು. ನಿಜಕ್ಕೂ ಹೊಡೆತ ತಿಂದವಳು ದಾಖಲೆಯಲ್ಲಿ ಸುಳ್ಳು ಹೇಳಿದವಳಾಗಿ ಉಳಿಯುತ್ತಿದ್ದಳು. ಈ ವ್ಯವಸ್ಥೆಯ ಅತಿ ದೊಡ್ಡ ಅನ್ಯಾಯ ಇದೇ.

2003ರ ಮಾರ್ಚ್ ತಿಂಗಳು ಇಲ್ಲಿ ಮುಖ್ಯ. ಬಿ.ಎಸ್. ಜೋಷಿ ಪ್ರಕರಣದಲ್ಲಿ ಹೆಂಡತಿಯೇ ಪ್ರಮಾಣಪತ್ರ ಸಲ್ಲಿಸಿ ವ್ಯಾಜ್ಯ ಬಗೆಹರಿದಿದೆ ಎಂದಿದ್ದರೂ, ಪಂಜಾಬ್ ಮತ್ತು ಹರಿಯಾಣ ಹೈಕೋರ್ಟ್ ಮೊಕದ್ದಮೆ ರದ್ದುಪಡಿಸಲು ಒಪ್ಪಿರಲಿಲ್ಲ. ಸುಪ್ರೀಂ ಕೋರ್ಟ್ ಆ ಆದೇಶವನ್ನು ತಳ್ಳಿಹಾಕಿತು. ದಂಡ ಪ್ರಕ್ರಿಯಾ ಸಂಹಿತೆಯ 482ನೇ ಕಲಮಿನಡಿ ಹೈಕೋರ್ಟಿಗಿರುವ ಅಂತರ್ಗತ ಅಧಿಕಾರಕ್ಕೆ 320ನೇ ಕಲಂ ಅಡ್ಡಿಯಾಗದು ಎಂದಿತು. ಕರ್ನಾಟಕ ಹೈಕೋರ್ಟಿನ ಮುಖ್ಯ ನ್ಯಾಯಮೂರ್ತಿಯಾಗಿದ್ದ ವಿ.ಎಸ್. ಮಳಿಮಠ ಅವರ ಸಮಿತಿಯೂ ಅದೇ ತಿಂಗಳು ವರದಿ ಕೊಟ್ಟು, 498ಎ ಅಪರಾಧವನ್ನು ಜಾಮೀನಿಗೂ ರಾಜಿಗೂ ಒಳಪಡಿಸಬೇಕೆಂದು ಶಿಫಾರಸು ಮಾಡಿತು. ಸಂಸತ್ತು ಅದನ್ನು ಕೈಗೆತ್ತಿಕೊಳ್ಳಲಿಲ್ಲ. ಆಂಧ್ರಪ್ರದೇಶ ಮಾತ್ರ ಅದೇ ವರ್ಷ ರಾಜ್ಯ ತಿದ್ದುಪಡಿ ತಂದು, ನ್ಯಾಯಾಲಯದ ಅನುಮತಿಯ ಮೇಲೆ ರಾಜಿಗೆ ಅವಕಾಶ ಮಾಡಿತು.

ಜೋಷಿ ತೀರ್ಪು ಸರಿಯೇ ಎಂಬ ಸಂದೇಹ 2010ರಲ್ಲಿ ಸುಪ್ರೀಂ ಕೋರ್ಟಿನಲ್ಲೇ ಎದ್ದಿತು. ಗ್ಯಾನ್ ಸಿಂಗ್ ಪ್ರಕರಣದಲ್ಲಿ ನ್ಯಾಯಮೂರ್ತಿ ಆರ್.ಎಂ. ಲೋಧಾ ಅವರಿದ್ದ ಮೂವರ ಪೀಠ 2012ರ ಸೆಪ್ಟೆಂಬರ್ 24ರಂದು ಅದನ್ನು ಬಗೆಹರಿಸಿತು. ಅಪರಾಧವನ್ನು ರಾಜಿ ಮಾಡಿಕೊಳ್ಳುವುದು ಬೇರೆ, ಹೈಕೋರ್ಟ್ ಮೊಕದ್ದಮೆ ರದ್ದುಪಡಿಸುವುದು ಬೇರೆ; ಕೊಲೆ, ಅತ್ಯಾಚಾರ, ಡಕಾಯಿತಿಯಂಥ ಕೃತ್ಯಗಳಿಗೆ ಸಂತ್ರಸ್ತರು ಒಪ್ಪಿದರೂ ಈ ರಿಯಾಯಿತಿ ಇಲ್ಲ; ಕುಟುಂಬ ಕಲಹಗಳಿಗೆ ಇದೆ ಎಂದು ಗೆರೆ ಎಳೆಯಿತು. 2017ರಲ್ಲಿ ಇಂಥ ಮೊಕದ್ದಮೆಗಳನ್ನು ರಾಜಿಯ ಮೇಲೆ ಮುಗಿಸುವ ಅಧಿಕಾರವನ್ನು ಜಿಲ್ಲಾ ನ್ಯಾಯಾಧೀಶರಿಗೂ ಕೊಟ್ಟ ತೀರ್ಪು ಬಂತು. ಮರುವರ್ಷವೇ ಮೂವರ ಪೀಠ ಆ ಸೂಚನೆಯನ್ನು ಬದಲಿಸಿ, ಪಕ್ಷಗಾರರು ಹೈಕೋರ್ಟಿಗೇ ಹೋಗಬೇಕೆಂದಿತು.

ಇಂದಿನ ರಾಜಿಪತ್ರಗಳಲ್ಲಿ ಹಣವನ್ನು ಕಂತುಗಳಾಗಿ ಹಂಚುವುದು ರೂಢಿ: ಪರಸ್ಪರ ಒಪ್ಪಿಗೆಯ ವಿಚ್ಛೇದನದ ಅರ್ಜಿ ಹಾಕುವಾಗ ಒಂದು ಭಾಗ, ಎರಡನೇ ಹಂತದ ಹೇಳಿಕೆಯ ದಿನ ಇನ್ನೊಂದು, ಎಫ್‌ಐಆರ್ ರದ್ದಾಗುವಾಗ ಕೊನೆಯ ಡಿಡಿ. ದುಡ್ಡು ಕೈಸೇರುವ ಮುನ್ನ ದೂರು ಬಿಟ್ಟುಕೊಟ್ಟರೆ ಗತಿಯೇನೆಂಬ ಭಯ ಹೆಂಡತಿಗೆ. ಕೊಟ್ಟ ಮೇಲೂ ದೂರು ಉಳಿದರೆ ಎಂಬ ಭಯ ಗಂಡನಿಗೆ. ಕೊನೆಯ ಕಂತಿನ ಆಸರೆ ಇಲ್ಲದವಳ ಒಪ್ಪಿಗೆಯನ್ನು ಒಪ್ಪಿಗೆ ಎನ್ನುವುದು ಕಷ್ಟ. ಆದ್ದರಿಂದ ನ್ಯಾಯಾಧೀಶರು ಅವಳನ್ನು ಖುದ್ದಾಗಿ ವಿಚಾರಿಸುವುದು ಬರೀ ಶಾಸ್ತ್ರವಾಗಕೂಡದು.

2024ರ ಜುಲೈ 1ರಂದು ಹೊಸ ಸಂಹಿತೆಗಳು ಜಾರಿಗೆ ಬಂದವು. 498ಎ ಈಗ ಭಾರತೀಯ ನ್ಯಾಯ ಸಂಹಿತೆಯ 85ನೇ ಕಲಂ; 482ರ ಅಧಿಕಾರ ಭಾರತೀಯ ನಾಗರಿಕ ಸುರಕ್ಷಾ ಸಂಹಿತೆಯ 528ನೇ ಕಲಮಿನಲ್ಲಿದೆ. ನ್ಯಾಯಾಲಯದ ಅನುಮತಿಯ ಮೇಲೆ ರಾಜಿಗೆ ಅವಕಾಶ ಕೊಡಿ ಎಂದು ಕಾನೂನು ಆಯೋಗ 2011ರಲ್ಲೇ ತನ್ನ 237ನೇ ವರದಿಯಲ್ಲಿ ಹೇಳಿದ್ದರೂ, ರಾಜಿಯ ಪಟ್ಟಿಗೆ ಈ ಅಪರಾಧ ಈಗಲೂ ಸೇರಿಲ್ಲ. ಬೀದರಿನ ದಂಪತಿ ತಮ್ಮೂರಲ್ಲೇ ರಾಜಿಯಾದರೂ ಮೊಕದ್ದಮೆ ರದ್ದುಪಡಿಸಿಕೊಳ್ಳಲು ಹೈಕೋರ್ಟಿನ ಕಲಬುರಗಿ ಪೀಠಕ್ಕೇ ಅರ್ಜಿ ಹಾಕಬೇಕು.